ಹುಟ್ಟು

ಇದಕ್ಕೆ ಹಗ್ಗ ಅನ್ನಬಾರದು, ಎಂದ ಡೆನ್ಜಿಲ್ ಕರ್ನೋ.
ಕಟ್ಟೆಯ ಮೇಲೆ ಬಿದ್ದಿದ್ದರೆ ಹಗ್ಗ;
ದೋಣಿ ಹತ್ತಿದ ಮೇಲೆ ಅದಕ್ಕೊಂದು ಕೆಲಸ,
ಕೆಲಸಕ್ಕೊಂದು ಹೆಸರು.
ಹಾಯಿ ಏರಿಸಿದರೆ ಹ್ಯಾಲ್ಯರ್ಡ್,
ಹಾಯಿಯ ತುದಿ ಹಿಡಿದೆಳೆದರೆ ಶೀಟ್.

ಶೀಟ್ ಅಂದರೆ ಹಾಸಿಗೆಯ ಬಟ್ಟೆಯಲ್ಲವೇ?
ಅಲ್ಲವಂತೆ. ಹಾಯಿಯ ಕೆಳಮೂಲೆಗೆ ಹಳಬರಿಟ್ಟ ಹೆಸರು
ಜಾರಿ ಜಾರಿ ಹಗ್ಗಕ್ಕೆ ಬಂತಂತೆ.
ಸೆರಗು ಅನ್ನು ಹಾಗಾದರೆ, ಅಂದುಕೊಂಡೆ.
ಮೂರು ಶೀಟೂ ಗಾಳಿಗೆ ಬಿಟ್ಟವನನ್ನು
ಇಲ್ಲಿ ಕುಡುಕ ಅನ್ನುತ್ತಾರೆ.

ಪೆನ್ರಿನ್ ಹೊಳೆ. ಅಕ್ಟೋಬರಿನ ಭಾನುವಾರ.
ನಾನು ಐವತ್ತಾರರ ಹೆಂಗಸು,
ವಾರವಿಡೀ ಫಾಲ್ಮತ್‌ನ ಔಷಧದಂಗಡಿಯಲ್ಲಿ ಮಾತ್ರೆ ಎಣಿಸುವವಳು.
ನಮ್ಮ ಕೇರಿಯ ಹೆಂಗಸರು ದೋಣಿ ಹತ್ತಿದವರಲ್ಲ.
ಬುಟ್ಟಿ ಹೊತ್ತರು, ಬಲೆಯ ಹರಕು ಹೊಲಿದರು,
ಸಂಜೆ ದಡದಲ್ಲಿ ನಿಂತು ಹಾಯಿ ಎಣಿಸಿದರು,
ಒಂದು ಕಡಿಮೆ ಬಂದರೆ
ಮತ್ತೆ ಮೊದಲಿನಿಂದ ಎಣಿಸಿದರು.

ಮೊದಲ ದಿನ ಪಟ್ಟಿಯಲ್ಲಿ ನನ್ನ ಹೆಸರು ನೋಡಿ
ಅವನು ಕನ್ನಡಕ ಒರೆಸಿಕೊಂಡಿದ್ದ.
ತಾಂಡೇಲ್? ಟಿಂಡಲ್!
ಮುತ್ತಜ್ಜನ ಹಡಗಿನ ಸಂಬಳದ ಪುಸ್ತಕದಲ್ಲಿದ್ದಾರೆ,
ಸಾರಂಗ ಒಬ್ಬ, ಅವನ ಕೈಕೆಳಗೆ ಟಿಂಡಲ್ ಇಬ್ಬರು.
ಅದು ಹೆಸರಲ್ಲಮ್ಮ, ಹುದ್ದೆ.

ಗೊತ್ತು ಅನ್ನಲಿಲ್ಲ ನಾನು.
ಬ್ಯಾಂಕಿನಲ್ಲಿ, ಪಾಸ್‌ಪೋರ್ಟಿನಲ್ಲಿ, ಗಂಡನ ಮರಣಪತ್ರದಲ್ಲಿ
ಆ ಹುದ್ದೆಗೆ ಸಹಿ ಹಾಕುತ್ತ ಬಂದಿದ್ದೇನೆ
ಒಂದು ದಿನವೂ ಚುಕ್ಕಾಣಿ ಮುಟ್ಟದೆ.

ಮುಟ್ಟಿದ ದಿನ ಇವತ್ತು.
ಸ್ಟಾರ್‌ಬೋರ್ಡ್! ಎಂದು ಕೂಗಿದ.
ಹಗಲು ಹನ್ನೊಂದಕ್ಕೆ ನಾನು ಆಕಾಶ ನೋಡಿದೆ.
ಆಮೇಲೆ ನೆನಪಾಗಿ ಹಿಡಿಯನ್ನು ಬಲಕ್ಕೆ ದೂಡಿದೆ,
ದೋಣಿ ಎಡಕ್ಕೆ ತಿರುಗಿತು,
ತಿರುಗಿ ಎಡವಿತು.
ಕೆಸರು. ಫ್ಲಶಿಂಗ್ ಕಡೆಯ ಕರಿ ಮೆತ್ತನೆ ಕೆಸರು.
ಇಳಿತದ ನೀರು, ಹೇಳದೆ ಎದ್ದುಹೋಗುವ ನೆಂಟ,
ನಮ್ಮನ್ನು ಅಲ್ಲೇ ಕೂರಿಸಿ ಹೊರಟಿತು.

ನಕ್ಷತ್ರ ಅಲ್ಲ ಮಾರಾಯ್ತಿ, ಎಂಬ ಧಾಟಿಯಲ್ಲಿ ಅವನು
ಫ್ಲಾಸ್ಕಿನ ಚಹಾ ಬಗ್ಗಿಸಿದ.
ಚುಕ್ಕಾಣಿ ಹಿಂದಕ್ಕೆ ಹೋಗುವ ಮೊದಲು
ಬಲಪಕ್ಕದಲ್ಲೊಂದು ಹಲಗೆ ಇತ್ತು, ದಾರಿ ತಿರುಗಿಸುವ ಹಲಗೆ.
ನಾಲಗೆಗಳು ಸವೆಸಿ ಸವೆಸಿ ನಕ್ಷತ್ರವಾಯಿತು.
ಎಡಕ್ಕೆ ಲಾರ್ಬೋರ್ಡ್ ಅನ್ನುತ್ತಿದ್ದರು,
ಬಿರುಗಾಳಿಯಲ್ಲಿ ಎರಡೂ ಒಂದೇ ಥರ ಕೇಳಿಸಿ
ಕಡೆಗೆ ಕೈಬಿಟ್ಟರು.
ಒಂದು ಮಾತು ಸರಿಯಾಗಿ ಕೇಳಿಸದೆ ಮುಳುಗಿದ ಮನೆ
ನನಗೂ ಒಂದೆರಡು ಗೊತ್ತು, ಎಂದೆ.

ಮಧ್ಯಾಹ್ನ. ಬಕಪಕ್ಷಿಯೊಂದು ನಮ್ಮನ್ನು ಮರದ ಬೊಡ್ಡೆಯೆಂದು ಬಗೆದು
ಹತ್ತಿರವೇ ಮೇಯತೊಡಗಿತು.
ಸೀಸದ ಗುಂಡಿನ ದಾರ ಬಿಚ್ಚಿ
ಅವನು ಎರಡೂ ಕೈ ಚಾಚಿದ:
ಇಷ್ಟು, ಒಂದು ಫ್ಯಾದಮ್. ಹಿಂದಿನವರ ಬಾಯಲ್ಲಿ
ಅಪ್ಪುಗೆ ಎಂದರ್ಥ.
ನಾನೂ ಚಾಚಿದೆ. ಮಾರು.
ಹೂವಾಡಗಿತ್ತಿಯ ಕೈ ಗಿಡ್ಡವೆಂದು
ಅಮ್ಮ ಜಗಳ ಕಾಯುತ್ತಿದ್ದ ಮಾರು.
ಅದೇ ತೋಳಿನಿಂದ ಅಜ್ಜ ಸಮುದ್ರ ಅಳೆಯುತ್ತಿದ್ದ.

ಇಬ್ಬರು ಮುದುಕರು, ಕೆಸರಿನ ನಡುವೆ,
ರೆಕ್ಕೆ ಒಣಗಿಸುವ ನೀರುಕಾಗೆಗಳಂತೆ.
ಅಪ್ಪಿಕೊಳ್ಳಲಿಲ್ಲ.
ಅಳೆದೆವು ಅಷ್ಟೇ.

ನಾಲ್ಕೂಕಾಲಿಗೆ ನೀರು ಮರಳಿತು,
ಮೊದಲು ಸದ್ದಾಗಿ, ಆಮೇಲೆ ಒದ್ದೆಯಾಗಿ.
ಅವನು ಮೊಣಕಾಲುದ್ದ ಬೂಟಿನಲ್ಲಿ ಕೆಳಗಿಳಿದು
ಹೀವ್! ಎಂದ. ದೋಣಿ ಅಲುಗಲಿಲ್ಲ.
ಹೀವ್! ಎಂದ.
ನನ್ನ ಗಂಟಲಿನಿಂದ, ಕೇಳದೆಯೇ, ಹೊರಬಿತ್ತು
ಐಲೇಸಾ.
ದಡದಲ್ಲಿ ನಿಂತು ಕೇಳಿದ್ದು, ಎಂದೂ ಕೂಗಿದ್ದಲ್ಲ.
ಮತ್ತೊಮ್ಮೆ, ಇಬ್ಬರೂ, ಒಂದೇ ಉಸಿರಿಗೆ.
ಕೆಸರು ಚಪ್ಪರಿಸಿ ಬಾಯಿಬಿಟ್ಟಿತು.

ಏನು ಆ ಶಬ್ದ? ಎಂದು ಏದುಸಿರಲ್ಲೇ ಕೇಳಿದ,
ಎಲ್ಲಿಂದ ಬಂತು? ಅದರ ಹುಟ್ಟೇನು?

ನನಗೆ ಗೊತ್ತಿದ್ದ ಹುಟ್ಟು ಒಂದೇ,
ದೋಣಿಯ ತಳದಲ್ಲಿ ಒದ್ದೆಯಾಗಿ ಬಿದ್ದಿತ್ತು.
ಎತ್ತಿ ಕೆಸರಿಗೂರಿ
ದೂಡಿದೆ.